ಕಾಲಮಿತಿ ಮತ್ತು ಪ್ರಮಾಣ: ವಿಶ್ವೇಶ್ವರಯ್ಯನವರ ಯೋಜನಾಗ್ರಂಥವನ್ನು ಕುರಿತು ಒಂದು ಪರಾಮರ್ಶೆ

ಅಧಿಕಾರವನ್ನು ನಡೆಸಿದವರು ಬರೆದ ಗ್ರಂಥಗಳಲ್ಲಿ ಹೆಚ್ಚಿನವು ತಾವು ನಡೆಸಿದ್ದನ್ನು ಸಮರ್ಥಿಸಿಕೊಳ್ಳುವುದಕ್ಕಾಗಿ ಹುಟ್ಟಿದವು. ನಡೆಯಬೇಕಾದುದನ್ನು ವಿಧಿಸುವುದಕ್ಕಾಗಿ ಹುಟ್ಟಿದ ಗ್ರಂಥಗಳು ವಿರಳ. ಸರ್ ಮೋಕ್ಷಗುಂಡಂ ವಿಶ್ವೇಶ್ವರಯ್ಯನವರು 1934ರಲ್ಲಿ ಪ್ರಕಟಿಸಿದ ‘ಪ್ಲಾನ್ಡ್ ಎಕಾನಮಿ ಫಾರ್ ಇಂಡಿಯಾ’ ಎಂಬ ಇಂಗ್ಲಿಷ್ ಗ್ರಂಥ ಈ ವಿರಳವಾದ ವರ್ಗಕ್ಕೆ ಸೇರಿದುದು. ಅವರ ಹೆಸರನ್ನು ಅರಿಯದ ಕನ್ನಡಿಗನಿಲ್ಲ. ಈ ಗ್ರಂಥವನ್ನು ತೆರೆದು ನೋಡಿದ ಕನ್ನಡಿಗರಾದರೋ ಬೆರಳೆಣಿಕೆಯವರು. ನಮ್ಮ ಕಾಲೇಜುಗಳಲ್ಲಿ ಯೋಜನೆಯ ಚರಿತ್ರೆಯನ್ನು ಪಾಠಮಾಡುವಾಗ ಇದರ ಹೆಸರನ್ನು ಒಂದು ವಾಕ್ಯದಲ್ಲಿ ಹೇಳಿ, 1951ರ ಪ್ರಥಮ ಪಂಚವಾರ್ಷಿಕ ಯೋಜನೆಗೆ ದಾಟಿಬಿಡುವುದು ವಾಡಿಕೆಯಾಗಿದೆ. ಹೀಗೆ ದಾಟಿಬಿಡುವುದರಿಂದ ಒಂದು ಮುಖ್ಯವಾದ ಪ್ರಶ್ನೆ ನಮ್ಮ ಕೈತಪ್ಪಿಹೋಗುತ್ತದೆಯೆಂಬ ಭಾವನೆಯಿಂದ ಈ ಪರಾಮರ್ಶೆಯನ್ನು ಕೈಕೊಂಡಿದ್ದೇವೆ. ಮಂಗಳೂರಿನಲ್ಲಿ ಕುಳಿತು ಬರೆಯುತ್ತಿರುವುದರಿಂದ, ಮೈಸೂರಿನ ದಿವಾನರ ಗ್ರಂಥದ ಪಕ್ಕದಲ್ಲಿ ನಮ್ಮ ಉರ್ವದ ಒಂದು ಸಣ್ಣ ಶಾಲೆಯನ್ನೂ ಇರಿಸಿ ನೋಡುವ ಉದ್ದೇಶವಿದೆ. ಅದರ ಔಚಿತ್ಯ ಮುಂದೆ ಗೊತ್ತಾಗುವುದು.

ಮೊದಲು ಗ್ರಂಥದ ಸ್ವರೂಪ. ಇದಕ್ಕೆ ಹದಿನಾಲ್ಕು ವರ್ಷ ಮುಂಚೆ, 1920ರಲ್ಲಿ, ಅವರು ‘ರೀಕನ್ಸ್ಟ್ರಕ್ಟಿಂಗ್ ಇಂಡಿಯಾ’ ಎಂಬ ಗ್ರಂಥವನ್ನು ಲಂಡನ್ನಿನಲ್ಲಿ ಪ್ರಕಟಿಸಿದ್ದರು. ದಿವಾನಗಿರಿಯನ್ನು ಬಿಟ್ಟ ಮೇಲೆ ಜಪಾನ್, ಅಮೆರಿಕ, ಯೂರೋಪುಗಳನ್ನು ಸುತ್ತಿಬಂದ ಅನುಭವದ ಕಾವು ಅದರಲ್ಲಿದೆ. ರಾಜ್ಯವ್ಯವಸ್ಥೆ, ಆರ್ಥಿಕ ಜೀವನ, ಸಮಾಜ, ಶಿಕ್ಷಣ ಎಲ್ಲವನ್ನೂ ಹೊಸದಾಗಿ ಕಟ್ಟಬೇಕೆಂಬ ವಿಶಾಲವಾದ ಸಂಕಲ್ಪ ಅದು. 1934ರ ಗ್ರಂಥದಲ್ಲಿ ಈ ಸಂಕಲ್ಪ ಲೆಕ್ಕದ ರೂಪವನ್ನು ತಾಳಿದೆ. ಜಗತ್ತೆಲ್ಲ ಆರ್ಥಿಕ ಕುಸಿತದಲ್ಲಿ ನರಳುತ್ತಿದ್ದ ಕಾಲ. ರಷ್ಯದ ಪಂಚವಾರ್ಷಿಕ ಯೋಜನೆ ಎಲ್ಲರ ಬಾಯಲ್ಲೂ ಇದ್ದ ಕಾಲ. ವಿಶ್ವೇಶ್ವರಯ್ಯನವರು ಯೋಜನೆಯ ಕಲ್ಪನೆಯನ್ನು ಸ್ವೀಕರಿಸಿದರು, ಸಮತಾವಾದವನ್ನು ಸ್ವೀಕರಿಸಲಿಲ್ಲ. ಖಾಸಗಿ ಬಂಡವಾಳ ಉಳಿದುಕೊಂಡೇ ಸರ್ಕಾರದ ಬೆಂಬಲದಿಂದ ಹತ್ತು ವರ್ಷಗಳಲ್ಲಿ ದೇಶದ ಆದಾಯ ಇಮ್ಮಡಿಯಾಗಬೇಕು, ಕೈಗಾರಿಕೆಯ ಉತ್ಪನ್ನ ಹಲವು ಮಡಿ ಹೆಚ್ಚಬೇಕು, ಬೇಸಾಯವನ್ನೇ ನೆಚ್ಚಿಕೊಂಡಿರುವ ಜನಸಮೂಹದ ದೊಡ್ಡದೊಂದು ಭಾಗ ಇತರ ಕಸುಬುಗಳಿಗೆ ತಿರುಗಬೇಕು ಎಂಬುದು ಅವರ ಯೋಜನೆಯ ತಿರುಳು. ಕೈಗಾರಿಕೆಯಿಲ್ಲದೆ ದೇಶಕ್ಕೆ ಉಳಿಗಾಲವಿಲ್ಲವೆಂಬ ಅವರ ಮಾತಿಗೆ, ಕೈಗಾರಿಕೆಯಿಂದಲೇ ಕೇಡು ಎಂದು ನಂಬಿದ್ದ ಗಾಂಧೀಜಿಯವರು ಒಪ್ಪಲಿಲ್ಲವೆಂಬುದು ವಿದಿತವೇ ಇದೆ.

ಗ್ರಂಥದ ಶೈಲಿ ಇಂಜಿನಿಯರನ ಶೈಲಿ. ಅಲಂಕಾರವಿಲ್ಲ, ಆವೇಶವಿಲ್ಲ. ಒಂದು ದೇಶದ ಅಂಕಿಯ ಮುಂದೆ ಇನ್ನೊಂದು ದೇಶದ ಅಂಕಿ, ಇಂದಿನ ಅಂಕಿಯ ಮುಂದೆ ಹತ್ತು ವರ್ಷದ ಆಚೆಯ ಅಂಕಿ. ಓದುಗನಿಗೆ ಕೆಲವೆಡೆ ಬೇಸರ ತಾರದಿರದು. ಆದರೆ ಈ ಶುಷ್ಕತೆಯಲ್ಲಿ ಒಂದು ನೈತಿಕವಾದ ಬಿಗಿಯಿದೆ ಎಂಬುದನ್ನು ಗಮನಿಸಬೇಕು. ಸಮಾಜವನ್ನು ಉದ್ಧರಿಸುತ್ತೇವೆಂದು ಹೊರಟವರು ಸಾಮಾನ್ಯವಾಗಿ ಎಷ್ಟು, ಎಂದಿನೊಳಗೆ ಎಂಬ ಎರಡು ಪ್ರಶ್ನೆಗಳನ್ನು ತಪ್ಪಿಸಿಕೊಳ್ಳುತ್ತಾರೆ. ವಿಶ್ವೇಶ್ವರಯ್ಯನವರು ಅವುಗಳನ್ನು ತಾವಾಗಿ ಮೈಮೇಲೆಳೆದುಕೊಂಡರು. ಪ್ರಮಾಣವನ್ನೂ ಕಾಲಮಿತಿಯನ್ನೂ ಗೊತ್ತುಪಡಿಸದ ಆಶ್ವಾಸನೆ ಅವರ ದೃಷ್ಟಿಯಲ್ಲಿ ಆಶ್ವಾಸನೆಯೇ ಅಲ್ಲ. ಇಂದಿನ ಚುನಾವಣಾ ಪ್ರಣಾಳಿಕೆಗಳನ್ನು ಓದಿ ದಣಿದವರಿಗೆ ಈ ಗ್ರಂಥ ಒಂದು ಬಗೆಯ ಪಥ್ಯವಾದೀತು.

ಯೋಜನೆಯ ಬೀಜ ಮೈಸೂರಿನಲ್ಲೇ ಬಿದ್ದಿತ್ತು. 1911ರಲ್ಲಿ ಅಲ್ಲಿ ಏರ್ಪಟ್ಟ ಆರ್ಥಿಕ ಸಮ್ಮೇಳನದಲ್ಲಿ, ಆಗ ಮುಖ್ಯ ಇಂಜಿನಿಯರರಾಗಿದ್ದ ಅವರ ಕೈವಾಡ ದೊಡ್ಡದು. ಬೇಸಾಯ, ಕೈಗಾರಿಕೆ ಮತ್ತು ವ್ಯಾಪಾರ, ಶಿಕ್ಷಣ ಎಂಬ ಅದರ ವಿಭಾಗಗಳೇ ಹಿಗ್ಗಿ 1934ರ ಗ್ರಂಥದ ಅಧ್ಯಾಯಗಳಾದವೆಂದು ಹೇಳಿದರೆ ಅತಿಶಯೋಕ್ತಿಯಾಗಲಾರದು. 1912ರಿಂದ 1918ರವರೆಗೆ ದಿವಾನರಾಗಿ ಅವರು ಕೈಕೊಂಡ ಕಾರ್ಯಗಳು, 1913ರ ಮೈಸೂರು ಬ್ಯಾಂಕು, ಅದೇ ವರ್ಷದ ಪ್ರಾಥಮಿಕ ಶಿಕ್ಷಣ ರೆಗ್ಯುಲೇಷನ್, 1915ರ ಕನ್ನಡ ಸಾಹಿತ್ಯ ಪರಿಷತ್ತು, 1916ರ ವಿಶ್ವವಿದ್ಯಾನಿಲಯ, ಭದ್ರಾವತಿಯ ಕಬ್ಬಿಣದ ಕಾರ್ಖಾನೆಯ ಸಿದ್ಧತೆ, ಇವೆಲ್ಲ ಗ್ರಂಥದ ಹಿಂದೆ ಸಾಕ್ಷಿಗಳಂತೆ ನಿಂತಿವೆ. ಕನಸು ಕಾಣುವವನೊಬ್ಬನ ಪುಸ್ತಕವೆಂದು ಇದನ್ನು ತಳ್ಳಿಹಾಕುವಂತಿಲ್ಲ.

ದಿವಾನರನ್ನು ರಾಜಕಾರಣಿಯೆಂದು ಕರೆಯಬಹುದೇ ಎಂದು ಕೆಲವರು ಕೇಳಬಹುದು. ಅವರು ಮತ ಯಾಚಿಸಿದವರಲ್ಲ. ಮಹಾರಾಜರಿಗೆ ಉತ್ತರ ಹೇಳಬೇಕಾಗಿದ್ದವರು. ಪ್ರಜಾಪ್ರತಿನಿಧಿ ಸಭೆ ಅವರನ್ನು ಪ್ರಶ್ನಿಸಬಹುದಾಗಿತ್ತು, ಇಳಿಸುವಂತಿರಲಿಲ್ಲ. ಆದರೂ ರಾಜಕಾರಣದ ಅತಿ ಕಠಿಣವಾದ ಪ್ರಶ್ನೆಯೊಂದು ಅವರ ಎದುರಿಗೇ ಬಂದು ನಿಂತಿತು, ಅದಕ್ಕಾಗಿಯೇ ಅವರು ಪದವಿಯನ್ನು ಬಿಟ್ಟರು. ನಮ್ಮ ವಿಮರ್ಶೆಯ ಮರ್ಮ ಅಲ್ಲಿದೆ.

ಸಂಗತಿ ಇದು. ಮೈಸೂರು ಸಂಸ್ಥಾನದ ಜನಸಂಖ್ಯೆಯಲ್ಲಿ ಬ್ರಾಹ್ಮಣರು ಶೇಕಡಾ 4ರ ಆಸುಪಾಸಿನಲ್ಲಿದ್ದರು; ಮೇಲಿನ ಸರ್ಕಾರಿ ಹುದ್ದೆಗಳಲ್ಲಿ ಅಧಿಕಾಂಶ ಅವರ ಕೈಯಲ್ಲಿದ್ದವು. ಉಳಿದ ಸಮುದಾಯಗಳ ನಾಯಕರು ಇದನ್ನು ಮಹಾರಾಜ ನಾಲ್ವಡಿ ಕೃಷ್ಣರಾಜ ಒಡೆಯರ ಮುಂದೆ ಇಟ್ಟರು. 1918ರಲ್ಲಿ ಮುಖ್ಯ ನ್ಯಾಯಾಧೀಶರಾದ ಸರ್ ಲೆಸ್ಲಿ ಮಿಲ್ಲರ್ ಅವರ ಅಧ್ಯಕ್ಷತೆಯಲ್ಲಿ ಒಂದು ಸಮಿತಿ ನೇಮಕವಾಯಿತು. ವಿಶ್ವೇಶ್ವರಯ್ಯನವರ ನಿಲುವು ಸ್ಪಷ್ಟವಾಗಿತ್ತು: ಹಿಂದುಳಿದವರಿಗೆ ಶಿಕ್ಷಣವನ್ನು ವಿಸ್ತರಿಸೋಣ, ವಿದ್ಯಾರ್ಥಿವೇತನ ಕೊಡೋಣ, ಹುದ್ದೆಗಳ ವಿಷಯದಲ್ಲಿ ಮಾತ್ರ ಅರ್ಹತೆಯನ್ನು ಬಿಟ್ಟು ಜಾತಿಯನ್ನು ನೋಡಿದರೆ ಆಡಳಿತದ ದಕ್ಷತೆ ಕುಸಿಯುತ್ತದೆ, ಕುಸಿದ ಆಡಳಿತದಿಂದ ಮೊದಲು ಕೆಡುವವರು ಬಡವರೇ. ಈ ಭಿನ್ನಾಭಿಪ್ರಾಯದಿಂದ ಅವರು ಆ ವರ್ಷವೇ ಪದವಿಯಿಂದ ಹೊರಬಂದರು. ಮುಂದೆ 1951ರಲ್ಲಿ ಬರೆದ ಆತ್ಮಕಥನದಲ್ಲೂ ಈ ನಿಲುವನ್ನು ಅವರು ಸಡಿಲಿಸಲಿಲ್ಲ.

ಮಿಲ್ಲರ್ ಸಮಿತಿಯ ವರದಿ ಹೊರಬಿದ್ದುದು ಅವರು ಹೋದ ಮೇಲೆ, 1919ರಲ್ಲಿ. ಆ ವರದಿಯ ಸಾರವನ್ನು ನೋಡಿರಿ: ಏಳು ವರ್ಷಗಳನ್ನು ಮೀರದ ಅವಧಿಯಲ್ಲಿ, ಮೇಲಿನ ಹುದ್ದೆಗಳಲ್ಲಿ ಅರ್ಧಕ್ಕೆ ಕಡಿಮೆಯಿಲ್ಲದಷ್ಟು, ಕೆಳಗಿನ ಹುದ್ದೆಗಳಲ್ಲಿ ಮೂರರಲ್ಲಿ ಎರಡು ಪಾಲಿಗೆ ಕಡಿಮೆಯಿಲ್ಲದಷ್ಟು ಬ್ರಾಹ್ಮಣೇತರರಿಗೆ ದೊರೆಯುವಂತಾಗಬೇಕು. ಇಲ್ಲಿ ಕಾಲಮಿತಿಯಿದೆ, ಇಲ್ಲಿ ಪ್ರಮಾಣವಿದೆ. ಹೆಸರನ್ನು ಮುಚ್ಚಿಟ್ಟು ಈ ವಾಕ್ಯದ ರಚನೆಯನ್ನಷ್ಟೇ ತೋರಿಸಿದರೆ ಇದನ್ನು ಬರೆದವರು ವಿಶ್ವೇಶ್ವರಯ್ಯನವರೇ ಎಂದು ಯಾರಾದರೂ ಊಹಿಸುವಂತಿದೆ! ಗುರಿಯನ್ನು ಸಂಖ್ಯೆಯಲ್ಲಿ ಹೇಳಬೇಕು, ಅವಧಿಯನ್ನು ಗೊತ್ತುಮಾಡಬೇಕು, ವರ್ಷ ವರ್ಷವೂ ಅಳೆದು ನೋಡಬೇಕು ಎಂದು ಜೀವಮಾನವೆಲ್ಲ ಬೋಧಿಸಿದ ಮಹನೀಯರು, ಅಂಥದೇ ಒಂದು ಗುರಿ ಸರ್ಕಾರಿ ಕಚೇರಿಯ ಕುರ್ಚಿಗೆ ಸಂಬಂಧಿಸಿ ಬಂದಾಗ ಅದನ್ನು ಒಪ್ಪಲಾರದೆ ಹೊರಟುಹೋದರು. ಆದಾಯ ಹತ್ತು ವರ್ಷದಲ್ಲಿ ಇಮ್ಮಡಿಯಾಗಬೇಕೆನ್ನುವುದು ಯೋಜನೆಯಾದರೆ, ಅಧಿಕಾರ ಏಳು ವರ್ಷದಲ್ಲಿ ಹಂಚಿಕೆಯಾಗಬೇಕೆನ್ನುವುದು ಏಕೆ ಯೋಜನೆಯಾಗಲಾರದು? ಈ ಪ್ರಶ್ನೆಯನ್ನು ಮನಸ್ಸಿನಲ್ಲಿಟ್ಟುಕೊಂಡು 1934ರ ಗ್ರಂಥವನ್ನು ಓದಿದರೆ ಅದರ ಬಲ ಎಲ್ಲಿ ನಿಲ್ಲುತ್ತದೆಯೆಂಬುದು ಕಾಣುತ್ತದೆ. ಗ್ರಂಥದ ಅಂಕಿಗಳು ಒಟ್ಟು ಮೊತ್ತದ ಅಂಕಿಗಳು. ಉತ್ಪನ್ನ ಎಷ್ಟು ಹೆಚ್ಚಬೇಕೆಂಬುದಕ್ಕೆ ಉತ್ತರವಿದೆ. ಹೆಚ್ಚಿದುದರ ಬಾಗಿಲಲ್ಲಿ ಯಾರು ಮೊದಲು ನಿಲ್ಲಬೇಕೆಂಬ ವಿಚಾರ ಯೋಜನೆಯ ಕೇಂದ್ರಕ್ಕೆ ಬಂದಿಲ್ಲ.

ಅವರಿಗೆ ಅನ್ಯಾಯವಾಗದಂತೆ ಎರಡು ಮಾತನ್ನು ಇಲ್ಲಿ ಸೇರಿಸಬೇಕು. ಜಾತಿಯ ಕಟ್ಟುಪಾಡುಗಳನ್ನು ಅವರು ಪ್ರಗತಿಗೆ ಅಡ್ಡಿಯೆಂದೇ ಎಣಿಸಿದ್ದರು. ಶಿಕ್ಷಣವೂ ಉದ್ಯೋಗವೂ ಹಬ್ಬಿದರೆ ಆ ಕಟ್ಟುಪಾಡುಗಳು ತಾವಾಗಿ ಸಡಿಲವಾಗುವುವೆಂಬ ವಿಶ್ವಾಸ ಅವರಿಗಿತ್ತು, ಅದು ಆ ಕಾಲದ ಅನೇಕ ಉದಾರಮನಸ್ಕರ ವಿಶ್ವಾಸವೂ ಹೌದು. ಎರಡನೆಯದಾಗಿ, 1911ರಲ್ಲಿ ಆರಂಭವಾದ ಕನ್ನಂಬಾಡಿ ಕಟ್ಟೆಯ ನೀರು ಮಂಡ್ಯದ ಒಕ್ಕಲುಮಕ್ಕಳ ಹೊಲಕ್ಕೆ ಹರಿಯಿತು. ಯಾರ ಪ್ರಾತಿನಿಧ್ಯದ ಪ್ರಶ್ನೆಯಲ್ಲಿ ಅವರು ಎದುರುಪಕ್ಷದಲ್ಲಿದ್ದರೋ ಆ ಸಮುದಾಯದ ರೈತರೇ ಇಂದಿಗೂ ಅವರ ಭಾವಚಿತ್ರವನ್ನು ಪೂಜಿಸುತ್ತಾರೆ. ಚರಿತ್ರೆ ಲೆಕ್ಕವನ್ನು ಒಂದೇ ಪುಸ್ತಕದಲ್ಲಿ ಬರೆದಿಡುವುದಿಲ್ಲ. ಆದರೂ ನೀರು ಸಿಕ್ಕಿತೆಂಬುದು ಕುರ್ಚಿಯ ಪ್ರಶ್ನೆಗೆ ಉತ್ತರವಾಗದು. ನೀರಿನ ಹಂಚಿಕೆಯನ್ನು ತೀರ್ಮಾನಿಸುವವರು ಆ ಕುರ್ಚಿಗಳಲ್ಲಿ ಕುಳಿತವರೇ ತಾನೆ.

ಇನ್ನು ಉರ್ವದ ಕಡೆಗೆ ಬರೋಣ. ದಕ್ಷಿಣ ಕನ್ನಡ ಆಗ ಮದರಾಸು ಪ್ರಾಂತಕ್ಕೆ ಸೇರಿದ್ದ ಜಿಲ್ಲೆ. ಮೈಸೂರಿನ ಆಡಳಿತದ ಸೋಂಕು ಇಲ್ಲಿರಲಿಲ್ಲ. ಮಂಗಳೂರಿನ ನ್ಯಾಯಾಲಯದಲ್ಲಿ ವಕೀಲರಾಗಿದ್ದ ಕುದ್ಮುಲ್ ರಂಗರಾಯರು (1859–1928) ವಿಶ್ವೇಶ್ವರಯ್ಯನವರ ಸರಿಸುಮಾರು ಸಮವಯಸ್ಕರು. 1892ರಲ್ಲಿ ಅವರು ಉರ್ವ ಚಿಲಿಂಬಿಯಲ್ಲಿ ಅಸ್ಪೃಶ್ಯರೆನಿಸಿಕೊಂಡವರ ಮಕ್ಕಳಿಗಾಗಿ ಒಂದು ಶಾಲೆಯನ್ನು ತೆರೆದರು. 1897ರಲ್ಲಿ ಡಿಪ್ರೆಸ್ಡ್ ಕ್ಲಾಸಸ್ ಮಿಷನ್ ಎಂಬ ಸಂಸ್ಥೆಯನ್ನು ಕಟ್ಟಿದರು. ಅವರು ಯೋಜನೆಯ ಗ್ರಂಥವನ್ನು ಬರೆದವರಲ್ಲ. ಅವರ ಕೃತಿಯೆಂದರೆ ಆ ಶಾಲೆಯೇ. ಆದ್ದರಿಂದ ಗ್ರಂಥವಿಮರ್ಶೆಯ ನಡುವೆ ಶಾಲೆಯೊಂದನ್ನು ತಂದಿರಿಸುವುದು ಶಾಸ್ತ್ರಸಮ್ಮತವೇ ಎಂದು ವಿದ್ವಾಂಸರು ಹುಬ್ಬೇರಿಸಬಹುದು. ಶಾಲೆಯೂ ಓದಬೇಕಾದ ಪಠ್ಯವೇ ಎಂಬುದು ನಮ್ಮ ಅಭಿಪ್ರಾಯ.

ಆ ಪಠ್ಯದಲ್ಲಿ ಕಾಣುವುದೇನು? ಶಿಕ್ಷಣ ಹಬ್ಬಿದರೆ ಜಾತಿ ಸಡಿಲವಾಗುತ್ತದೆ ಎಂಬ ಸೂತ್ರವನ್ನು ರಂಗರಾಯರು ಹಿಡಿದು ಹೊರಟಾಗ ಅವರಿಗೆ ಮೊದಲು ಎದುರಾದುದು ಇನ್ನೊಂದು ಸತ್ಯ: ಜಾತಿ ಸಡಿಲವಾಗದೆ ಶಿಕ್ಷಣ ಹಬ್ಬುವುದಿಲ್ಲ. ಪಾಠ ಹೇಳಲು ಮೇಲ್ಜಾತಿಯ ಉಪಾಧ್ಯಾಯರು ಮುಂದೆ ಬರಲಿಲ್ಲ. ಕ್ರೈಸ್ತ ಉಪಾಧ್ಯಾಯರನ್ನು ಕರೆಯಬೇಕಾಯಿತು. ಕೂಲಿಗೆ ಹೋಗಬೇಕಾದ ಮಗು ಶಾಲೆಗೆ ಬರಬೇಕಾದರೆ ಅದರ ಊಟದ ಚಿಂತೆಯನ್ನು ಶಾಲೆಯೇ ಮಾಡಬೇಕಾಯಿತು. ಸ್ವತಃ ಸಾರಸ್ವತ ಬ್ರಾಹ್ಮಣರಾದ ರಂಗರಾಯರನ್ನು ಅವರ ಸಮುದಾಯವೇ ಬಹಿಷ್ಕರಿಸಿತು. ಅಕ್ಷರ ಕಲಿತ ಹುಡುಗನಿಗೆ ಮುಂದೇನು ಎಂಬ ಪ್ರಶ್ನೆ ಬಂದಾಗ ಕೈಕಸುಬುಗಳ ಶಿಕ್ಷಣವೂ ಸೇರಿಕೊಂಡಿತು. ಒಂದು ಶಾಲೆಯ ಬಾಗಿಲನ್ನು ತೆರೆಯುವುದಕ್ಕೆ ಉಪಾಧ್ಯಾಯ, ಅನ್ನ, ಕಸುಬು, ಬಂಧುಬಳಗ ಇಷ್ಟೂ ಬೀಗಗಳನ್ನು ಒಂದೊಂದಾಗಿ ತೆಗೆಯಬೇಕಾಯಿತು. ಸಾಕ್ಷರತೆಯ ಪ್ರಮಾಣವನ್ನು ಇಂತಿಷ್ಟಕ್ಕೆ ಏರಿಸಬೇಕೆಂದು ಬರೆಯುವವನಿಗೆ ಈ ಬೀಗಗಳು ಕಾಣುವುದಿಲ್ಲ. ಶೇಕಡಾ 30 ಎಂದು ಗುರಿಯಿಟ್ಟರೆ ಬಾಗಿಲು ತೆರೆದೇ ಇರುವವರ ಮಕ್ಕಳಿಂದಲೇ ಆ ಮೂವತ್ತು ತುಂಬಿಹೋಗಬಹುದು, ಗುರಿ ಸಾಧಿಸಿದಂತೆಯೂ ಆಗಬಹುದು.

ದೊಡ್ಡ ಗುಡ್ಡದಿಂದ ನೋಡುವವನಿಗೂ ಹೊಸ್ತಿಲಲ್ಲಿ ನಿಂತವನಿಗೂ ಕಾಣುವ ನೋಟ ಬೇರೆ, ಅಷ್ಟಕ್ಕೇ ಇಬ್ಬರಲ್ಲಿ ಯಾರನ್ನೂ ಹೀಗಳೆಯಬಾರದು ಎಂಬ ವಾದವುಂಟು. ಒಂದು ಶಾಲೆಯಿಂದ ದೇಶದ ದಾರಿದ್ರ್ಯ ನೀಗುವುದೇ ಎಂದು ವಿಶ್ವೇಶ್ವರಯ್ಯನವರ ಪಕ್ಷದವರು ಕೇಳಬಹುದು. ಕೇಳಬೇಕಾದ ಪ್ರಶ್ನೆಯೇ ಅದು. ರಂಗರಾಯರ ಸಂಸ್ಥೆಗೆ ಸದಾ ಹಣದ ಅಡಚಣೆ. ಕಡೆಗಾಲದಲ್ಲಿ ಅದನ್ನು ಭಾರತ ಸೇವಕ ಸಂಘದ ವಶಕ್ಕೆ ಒಪ್ಪಿಸಬೇಕಾಯಿತು. ವ್ಯಕ್ತಿಯೊಬ್ಬನ ತ್ಯಾಗವನ್ನು ನೆಚ್ಚಿಕೊಂಡು ಲಕ್ಷಾಂತರ ಮಕ್ಕಳ ಭವಿಷ್ಯವನ್ನು ಕಟ್ಟುವಂತಿಲ್ಲ. ರಾಜ್ಯಶಕ್ತಿ ಬೇಕು, ಬೊಕ್ಕಸ ಬೇಕು, ಅಂಕಿಅಂಶ ಬೇಕು. ಇಷ್ಟರಮಟ್ಟಿಗೆ 1934ರ ಗ್ರಂಥದ ಪಕ್ಷವನ್ನೇ ನಾವು ಹಿಡಿಯುತ್ತೇವೆ. ನಮ್ಮ ಆಕ್ಷೇಪ ಯೋಜನೆ ದೊಡ್ಡದಾಯಿತೆಂದಲ್ಲ. ಹೊಸ್ತಿಲಲ್ಲಿ ಕಲಿತ ವಿಷಯ ಯೋಜನೆಯ ಕೋಷ್ಟಕದೊಳಗೆ ಒಂದು ಕಂಬಸಾಲಾಗಿ ಬರಲಿಲ್ಲ ಎಂಬುದು.

ಕಾಕತಾಳೀಯವೆನ್ನಬೇಕು, ಗ್ರಂಥ ಹೊರಬಂದ ಆ 1934ರ ಫೆಬ್ರುವರಿ ತಿಂಗಳಲ್ಲೇ ಗಾಂಧೀಜಿಯವರು ತಮ್ಮ ಹರಿಜನ ಯಾತ್ರೆಯಲ್ಲಿ ಮಂಗಳೂರಿಗೆ ಬಂದಿದ್ದರು. ಅವರಿಗೆ ಹೊಸ್ತಿಲು ಕಂಡಿತ್ತು, ಕಾರ್ಖಾನೆ ಬೇಡವಾಗಿತ್ತು. ಎರಡನ್ನೂ ಒಟ್ಟಿಗೆ ಕಂಡವರು ಆ ದಶಕದಲ್ಲಿ ಯಾರೆಂದು ಕೇಳಿದರೆ ಅಂಬೇಡ್ಕರ್ ಅವರ ಹೆಸರನ್ನು ಹೇಳಬೇಕಾಗುತ್ತದೆ. ಆದರೆ ಅದು ಬೇರೆ ಲೇಖನಕ್ಕೆ ತಕ್ಕ ವಿಷಯ.

ಕೈಗಾರಿಕೆಯ ವಿಚಾರದಲ್ಲೂ ಕರಾವಳಿಯ ಅನುಭವ ಗ್ರಂಥದ ವಾದಕ್ಕೆ ಒಂದು ಟಿಪ್ಪಣಿಯನ್ನು ಒದಗಿಸುತ್ತದೆ. ಬಾಸೆಲ್ ಮಿಷನ್ನಿನವರು ಮಂಗಳೂರಿನಲ್ಲಿ 1851ರಲ್ಲಿ ನೇಯ್ಗೆಯ ಶಾಲೆಯನ್ನೂ 1865ರಲ್ಲಿ ಹಂಚಿನ ಕಾರ್ಖಾನೆಯನ್ನೂ ತೆರೆದರು. ಮಂಗಳೂರು ಹಂಚು ಮುಂದೆ ಸಮುದ್ರದಾಚೆಗೂ ಹೋಯಿತು. ಆದರೆ ಆ ಕಾರ್ಖಾನೆ ಹುಟ್ಟಿದುದು ಉತ್ಪನ್ನದ ಗುರಿಯಿಂದಲ್ಲ. ಮತಾಂತರ ಹೊಂದಿದವರು ತಮ್ಮ ಜಾತಿಯಿಂದಲೂ ಕುಲಕಸುಬಿನಿಂದಲೂ ಹೊರಬಿದ್ದಿದ್ದರು. ಅವರಲ್ಲಿ ಬಿಲ್ಲವರು ಬಹುಸಂಖ್ಯೆಯಲ್ಲಿದ್ದರು. ಇವರ ಹೊಟ್ಟೆಗೆ ದಾರಿಯೇನೆಂಬ ಸಾಮಾಜಿಕ ಪ್ರಶ್ನೆಗೆ ಉತ್ತರವಾಗಿ ನೇಯ್ಗೆಯೂ ಹಂಚೂ ಬಂದವು. ಅಂದರೆ ಇಲ್ಲಿ ಕೈಗಾರಿಕೆ ಜಾತಿಯ ಪ್ರಶ್ನೆಯ ಹಿಂದೆ ನಡೆದುಬಂದಿತು. ಅದನ್ನು ತಾನಾಗಿ ಬಿಡಿಸಲು ಮುಂದೆ ಓಡಲಿಲ್ಲ. ಮಿಷನ್ನಿನ ಉದ್ದೇಶಗಳನ್ನು ಒಪ್ಪುವುದು ಬಿಡುವುದು ಬೇರೆ ಮಾತು. ಅನುಕ್ರಮವನ್ನು ಮಾತ್ರ ಅರ್ಥಶಾಸ್ತ್ರದ ವಿದ್ಯಾರ್ಥಿಗಳು ಗಮನಿಸಬೇಕು. ಬಂಡವಾಳದ ವಿಷಯದಲ್ಲೂ ಹೀಗೆಯೇ. ಉಡುಪಿಯಲ್ಲಿ 1925ರಲ್ಲಿ ಹುಟ್ಟಿ ಮುಂದೆ ಸಿಂಡಿಕೇಟ್ ಬ್ಯಾಂಕ್ ಎನಿಸಿಕೊಂಡ ಸಂಸ್ಥೆ ಕೈಮಗ್ಗದವರ ಸಂಕಷ್ಟದಿಂದ ಪ್ರೇರಿತವಾದುದು. 1928ರ ಅದರ ಪಿಗ್ಮಿ ಠೇವಣಿಯಲ್ಲಿ ದಿನಕ್ಕೆ ಎರಡಾಣೆ ಉಳಿಸುವವನೂ ಠೇವಣಿದಾರನಾದನು. ಆದರೆ ಎರಡಾಣೆಯನ್ನೂ ಉಳಿಸಲಾರದವನು ಆ ಪಟ್ಟಿಯಲ್ಲೂ ಇರಲಿಲ್ಲವೆಂಬುದನ್ನು ಮರೆಯುವಂತಿಲ್ಲ. (ಅಂದಹಾಗೆ, ದಿವಾನರ ಮೈಸೂರು ಬ್ಯಾಂಕು 2017ರಲ್ಲಿಯೂ ಸಿಂಡಿಕೇಟ್ ಬ್ಯಾಂಕು 2020ರಲ್ಲಿಯೂ ದೊಡ್ಡ ಬ್ಯಾಂಕುಗಳಲ್ಲಿ ಲೀನವಾದವು.)

ಗ್ರಂಥದ ಮುಂದಿನ ಕಥೆಯನ್ನು ಸಂಕ್ಷೇಪವಾಗಿ ಹೇಳಬಹುದು. 1938ರಲ್ಲಿ ಸುಭಾಷ್‌ಚಂದ್ರ ಬೋಸರು ಕಾಂಗ್ರೆಸ್ಸಿನ ಅಧ್ಯಕ್ಷರಾಗಿದ್ದಾಗ ಜವಾಹರಲಾಲ್ ನೆಹರೂ ಅವರ ನೇತೃತ್ವದಲ್ಲಿ ರಾಷ್ಟ್ರೀಯ ಯೋಜನಾ ಸಮಿತಿ ಏರ್ಪಟ್ಟಿತು. 1944ರಲ್ಲಿ ಉದ್ಯಮಪತಿಗಳ ಬೊಂಬಾಯಿ ಯೋಜನೆ ಬಂದಿತು. 1951ರಿಂದ ಪಂಚವಾರ್ಷಿಕ ಯೋಜನೆಗಳು ನಡೆದವು. 2015ರಲ್ಲಿ ಯೋಜನಾ ಆಯೋಗದ ಸ್ಥಾನಕ್ಕೆ ನೀತಿ ಆಯೋಗ ಬಂದಿತು. ಇವೆಲ್ಲವುಗಳಲ್ಲೂ ವಿಶ್ವೇಶ್ವರಯ್ಯನವರ ಛಾಯೆಯಿದೆ. ಬೇಸಾಯದಿಂದ ಜನರನ್ನು ಹೊರತರಬೇಕೆಂಬ ಅವರ ಗುರಿ ಮಾತ್ರ ಹತ್ತು ವರ್ಷದಲ್ಲಲ್ಲ, ಒಂಬತ್ತು ದಶಕಗಳಲ್ಲೂ ಪೂರ್ತಿಯಾಗಿ ಕೈಗೂಡಲಿಲ್ಲ. ಈಗಲೂ ದೇಶದ ದುಡಿಯುವ ಜನರಲ್ಲಿ ಶೇಕಡಾ 40ಕ್ಕೂ ಹೆಚ್ಚು ಮಂದಿ ಹೊಲವನ್ನೇ ನೆಚ್ಚಿದ್ದಾರೆ. ಕರಾವಳಿಯ ಹೊಲಗಳಲ್ಲಾದ ದೊಡ್ಡ ಬದಲಾವಣೆಯೆಂದರೆ ದೇವರಾಜ ಅರಸರ ಕಾಲದ 1974ರ ಭೂಸುಧಾರಣಾ ತಿದ್ದುಪಡಿ. ಚಾಲಗೇಣಿಯ ಒಕ್ಕಲು ಉಳುವ ಭೂಮಿಯ ಒಡೆಯನಾದುದು ಅದರಿಂದ. ಇಳುವರಿಯನ್ನು ಹೆಚ್ಚಿಸುವ ಲೆಕ್ಕದಿಂದ ಆ ಕಾನೂನು ಹುಟ್ಟಲಿಲ್ಲ, ಯಾರದು ಎಂಬ ಪ್ರಶ್ನೆಯಿಂದ ಹುಟ್ಟಿತು.

1918ರ ವಿವಾದವೂ ಮುಗಿದಿಲ್ಲ. ಮಿಲ್ಲರ್ ಸಮಿತಿಯಿಂದ 1960ರ ದಶಕದ ನಾಗನಗೌಡ ಸಮಿತಿಗೆ, ಅಲ್ಲಿಂದ 1975ರ ಹಾವನೂರು ಆಯೋಗದ ವರದಿಗೆ ಅದು ಹರಿದುಬಂದಿದೆ. 1962ರ ಬಾಲಾಜಿ ಮೊಕದ್ದಮೆಯಲ್ಲಿ ಮೈಸೂರು ರಾಜ್ಯದ ಆಜ್ಞೆಯನ್ನು ಸರ್ವೋಚ್ಚ ನ್ಯಾಯಾಲಯ ತಳ್ಳಿಹಾಕಿ, ಮೀಸಲಾತಿ ಸಾಮಾನ್ಯವಾಗಿ ಅರ್ಧವನ್ನು ಮೀರಬಾರದೆಂದಿತು. ದಕ್ಷತೆಯ ಹೆಸರಿನಲ್ಲಿ ಇಂದು ಆಡುವ ವಾದಗಳು ದಿವಾನರ ವಾದಕ್ಕಿಂತ ಹೊಸದಾಗಿ ಏನನ್ನೂ ಸೇರಿಸಿಲ್ಲ. ಅವರ ವಾದದಲ್ಲಿದ್ದ ಪ್ರಾಮಾಣಿಕತೆಯೂ ಸಾರ್ವಜನಿಕ ಕಾಳಜಿಯೂ ಅನೇಕವೇಳೆ ಕಾಣಿಸುವುದಿಲ್ಲ ಎಂದು ಸಂಕೋಚವಿಲ್ಲದೆ ಹೇಳಬಹುದು.

ಕಾಲೇಜಿನಲ್ಲಿ ಈ ಗ್ರಂಥವನ್ನು ಪಾಠಮಾಡುವ ಮಿತ್ರರಲ್ಲಿ ನಮ್ಮದೊಂದು ವಿಜ್ಞಾಪನೆ. ಅದರ ಕೋಷ್ಟಕಗಳನ್ನು ಬಿಟ್ಟು ಪೀಠಿಕೆಯನ್ನಷ್ಟೇ ಓದಿಸಬೇಡಿ; ಈ ಲೇಖಕರ ಪ್ರತಿಭೆ ಇರುವುದು ಕೋಷ್ಟಕಗಳಲ್ಲಿ. ಅದರೊಡನೆ 1919ರ ಮಿಲ್ಲರ್ ವರದಿಯನ್ನೂ ಓದಿಸಿರಿ. ಒಂದೊಂದು ಅಂಕಿಯ ಎದುರಿಗೂ, ಈ ಹೆಚ್ಚಳದಲ್ಲಿ ಚಿಲಿಂಬಿಯ ಶಾಲೆಗೆ ಬಂದ ಮಗುವಿನ ಪಾಲೆಷ್ಟು, ಎಷ್ಟು ವರ್ಷಗಳೊಳಗೆ ಎಂದು ವಿದ್ಯಾರ್ಥಿಗಳು ಪೆನ್ಸಿಲಿನಲ್ಲಿ ಬರೆದುಕೊಳ್ಳಲಿ. ವಿಶ್ವೇಶ್ವರಯ್ಯನವರು ಕಲಿಸಿದ ವಿಧಾನವೇ ಇದು. ಅವರ ಗ್ರಂಥಕ್ಕೇ ಅದನ್ನು ಅನ್ವಯಿಸಿ ನೋಡುವುದಕ್ಕೆ ಅವರು ಬೇಸರಿಸಿಕೊಳ್ಳುತ್ತಿರಲಿಲ್ಲವೆಂದು ತೋರುತ್ತದೆ.